ಯಾವ ಆತು?

ಸಾವಳಗಿಗೆ ಹೋಗಿ ರೇವಪ್ಪನ ಮನೆ ಎಲ್ಲಿ ಎಂದು ಕೇಳಿದರೆ ನಾಲ್ಕು ಮಂದಿ ನಾಲ್ಕು ದಿಕ್ಕಿಗೆ ಕೈ ತೋರಿಸುತ್ತಾರೆ. ‘ಆತು ರೇವಪ್ಪ’ ಎಂದು ಕೇಳಿದರೆ ಮಾತ್ರ ಬಸ್ ನಿಲ್ದಾಣದ ಹಿಂದಿನ ಓಣಿಗೆ ನೆಟ್ಟಗೆ ಕಳಿಸುತ್ತಾರೆ. ಅವನಿಗೊಂದು ಮನೆತನದ ಹೆಸರೂ ಇದೆ. ಅದು ಆಧಾರ್ ಕಾರ್ಡಿನಲ್ಲಿ ಉಳಿದುಕೊಂಡಿದೆ ಅಷ್ಟೆ.

ನಾನು ತೇರದಾಳದ ಬಂಡು. ರೇವಪ್ಪ ಇರುವ ಕಂಪನಿಯಲ್ಲೇ ಸ್ಟೋರ್ ನೋಡಿಕೊಳ್ಳುತ್ತೇನೆ. ಸ್ಟೋರ್ ನೋಡಿಕೊಳ್ಳುವುದೆಂದರೆ ಎಲ್ಲರ ಜೊತೆ ಜಗಳವಾಡಲು ಸಂಬಳ ತೆಗೆದುಕೊಳ್ಳುವುದು. ಬೋಲ್ಟು ಬಿಗಿಯಲು ಕೊಟ್ಟ ಪಾನಾ ವಾಪಸು ತಾರದವನು, ಹಗ್ಗ ಕತ್ತರಿಸಿ ಮನೆಯ ಎಮ್ಮೆಗೆ ಒಯ್ದವನು, ಹೆಲ್ಮೆಟ್ಟಿನಲ್ಲಿ ಚುರಮುರಿ ಕಲಸಿ ತಿಂದವನು, ಎಲ್ಲರೂ ನನ್ನ ಕಣ್ಣಲ್ಲಿ ಕಳ್ಳರೇ. ಅಂಥ ನಾನು ಒಬ್ಬನ ಬಗ್ಗೆ ಒಳ್ಳೆಯ ಮಾತು ಹೇಳಹೊರಟಿದ್ದೇನೆ ಎಂದರೆ ಸ್ವಲ್ಪ ನಂಬಬಹುದು.

ಆತು ಎಂಬ ಮಾತನ್ನು ನಮ್ಮ ಕಡೆಯವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಊಟ ಆತು, ಲಗ್ನ ಆತು, ಕಬ್ಬು ಕಡಿಯೋದು ಆತು. ಮುಗಿದದ್ದಕ್ಕೆಲ್ಲ ಆತು. ಆದರೆ ‘ನಾಳೆ ಬಾ’ ಎಂದರೂ ಆತು, ‘ಎರಡು ಚೀಲ ಸಿಮೆಂಟು ಕಳಿಸು’ ಎಂದರೂ ಆತು. ಅಲ್ಲಿ ಏನೂ ಮುಗಿದಿರುವುದಿಲ್ಲ, ಶುರುವೂ ಆಗಿರುವುದಿಲ್ಲ. ಒಂದೇ ಮಾತು ಕೆಲಸದ ಮುಂದೆಯೂ ನಿಲ್ಲುತ್ತದೆ, ಹಿಂದೆಯೂ ನಿಲ್ಲುತ್ತದೆ. ನಡುವೆ ಇರುವುದು ಯಾರದೋ ಬೆವರು.

ನಮ್ಮ ಕಂಪನಿ ಹುಟ್ಟಿದ್ದೇ ಆ ಮಾತಿನಿಂದ. ಈಗ ಮುಧೋಳದ ರಸ್ತೆಯಲ್ಲಿ ಗಾಜಿನ ಕಿಟಕಿಗಳ ಆಫೀಸು ಇದೆ, ಕ್ರೇನುಗಳಿವೆ, ಕಾಂಕ್ರೀಟು ಕಲಸುವ ದೊಡ್ಡ ಪ್ಲಾಂಟು ಇದೆ, ಹೆಸರು ಹೇಳಲು ನಾಲಿಗೆ ಹೊರಳದ ಯಂತ್ರಗಳಿವೆ. ಆಗ ಇದ್ದದ್ದು ಒಂದು ಟ್ರ್ಯಾಕ್ಟರ್, ಒಂದು ಟ್ರೇಲರ್. ಅದರ ಒಡೆಯರು ಚನಮಲ್ಲಪ್ಪ, ನಮ್ಮ ಧಣಿ. ಹೊಲದ ದಾರಿಗಳಿಗೆ ಗರಸು ಹಾಕಿ ಕೊಡುತ್ತಿದ್ದರು. ಗರಸು ತುಂಬುವವನು, ಚೆಲ್ಲುವವನು, ಟ್ರೇಲರಿನ ಮೇಲೆ ಕುಳಿತು ಹಾಡು ಹೇಳುವವನು ರೇವಪ್ಪ. ಇಬ್ಬರೂ ಒಂದೇ ಊರಿನವರು, ಒಂದೇ ಬಾವಿಯಲ್ಲಿ ಈಜು ಕಲಿತವರು.

ಒಂದು ದಿನ ಮಹಾಲಿಂಗಪುರದ ಬಸ್ ಸ್ಟ್ಯಾಂಡಿನ ಚಹಾದ ಅಂಗಡಿಯಲ್ಲಿ ಕಾಲುವೆ ಇಲಾಖೆಯ ಒಬ್ಬ ಸಾಹೇಬರು ಚನಮಲ್ಲಪ್ಪನವರನ್ನು ಕೇಳಿದರಂತೆ, ‘ಮೋರಿ ಒಂದು ಅರ್ಧಕ್ಕೆ ನಿಂತೈತಿ, ಹಿಡದ ಗುತ್ತಿಗೆದಾರ ಓಡಿ ಹೋಗ್ಯಾನ. ಮಳಿ ಹಿಡಿಯೂದ್ರಾಗ ಮುಗಿಸತೀಯೇನು? ಮಿಕ್ಸರ್ ಐತೇನು ನಿನ್ನ ಕಡೆ?’ ಚನಮಲ್ಲಪ್ಪನವರ ಹತ್ತಿರ ಮಿಕ್ಸರ್ ಇರಲಿಲ್ಲ, ಮೇಸ್ತ್ರಿ ಇರಲಿಲ್ಲ, ಮೋರಿ ಕಟ್ಟಿದ ಅನುಭವವಂತೂ ಅವರ ವಂಶದಲ್ಲೇ ಯಾರಿಗೂ ಇರಲಿಲ್ಲ. ಕೈಯಲ್ಲಿದ್ದ ಚಹಾದ ಬಸಿಯನ್ನು ಕೆಳಗಿಟ್ಟು, ‘ಆತ್ರಿ ಸಾಹೇಬ್ರ’ ಎಂದುಬಿಟ್ಟರು.

ಪಕ್ಕದಲ್ಲಿ ನಿಂತಿದ್ದ ರೇವಪ್ಪ ಆ ಸಂಜೆಯೇ ಬೀಗರ ಊರಿಗೆ ಹೋಗಿ ಒಂದು ಹಳೆಯ ಮಿಕ್ಸರನ್ನು ಎತ್ತಿನ ಗಾಡಿಗೆ ಕಟ್ಟಿಕೊಂಡು ಬಂದ. ಅದು ಎರಡು ದಿನ ತಿರುಗಿ ಕೈಕೊಟ್ಟಿತು. ಉಳಿದದ್ದನ್ನು ಸಲಿಕೆಯಲ್ಲೇ ಕಲಸಿದರು. ಮಳೆಯ ಮೊದಲ ನೀರು ಆ ಮೋರಿಯ ಕೆಳಗೆ ಹಾದುಹೋದಾಗ ರೇವಪ್ಪ ಹೆಗಲ ಮೇಲಿನ ವಲ್ಲಿ ತೆಗೆದು ಮುಖ ಒರೆಸಿಕೊಂಡು, ‘ಧಣೇರ, ಆತು’ ಎಂದ. ಈ ಕಥೆಯನ್ನು ಕಂಪನಿಯಲ್ಲಿ ಕೇಳದವರಿಲ್ಲ. ಹೇಳುವವರು ಮಿಕ್ಸರಿನ ಬಣ್ಣವನ್ನೊಂದು ಬದಲಾಯಿಸುತ್ತಾರೆ, ಮಾತನ್ನು ಬದಲಾಯಿಸುವುದಿಲ್ಲ.

ಅಲ್ಲಿಂದ ಮುಂದೆ ಅದೇ ನಡೆಯಿತು. ಕೇಳಿದವರಿಗೆಲ್ಲ ಚನಮಲ್ಲಪ್ಪ ‘ಆತ್ರಿ’ ಎನ್ನುತ್ತಿದ್ದರು. ಅದು ಕೆಲಸದ ಮುಂದಿನ ಆತು. ರೇವಪ್ಪ ಹೋಗಿ ಮಾಡಿ ಮುಗಿಸಿ ಬಂದು ‘ಆತು’ ಎನ್ನುತ್ತಿದ್ದ. ಅದು ಕೆಲಸದ ಹಿಂದಿನ ಆತು. ಕಾಲುವೆಯ ದಂಡೆಗೆ ಕಲ್ಲು ಹೊದಿಸಿದರು, ಸಕ್ಕರೆ ಕಾರ್ಖಾನೆಯ ಕಬ್ಬಿನ ಗಾಡಿಗಳು ತಗ್ಗು ಕೆಡವಿದ ರಸ್ತೆಗಳನ್ನು ಮತ್ತೆ ಮಾಡಿದರು, ಹಳ್ಳದ ನೀರು ನಿಲ್ಲಿಸುವ ಬಾಂದಾರಗಳನ್ನು ಕಟ್ಟಿದರು. ಜಮಖಂಡಿಯಲ್ಲಿ ಒಂದು ಖೋಲಿಯ ಆಫೀಸು ಆಯಿತು, ಆಮೇಲೆ ಮುಧೋಳದ್ದು. ನಾನು ಸೇರಿದ್ದು ಆ ಖೋಲಿಯ ಕಾಲದಲ್ಲಿ. ಆಗ ಸ್ಟೋರ್ ಎಂದರೆ ಒಂದು ಕಬ್ಬಿಣದ ಪೆಟ್ಟಿಗೆ. ಅದರ ಮೇಲೆಯೇ ನಾನು ಕುಳಿತಿರುತ್ತಿದ್ದೆ.

ಎರಡು ಆತುಗಳ ನಡುವೆ ನಮಗ್ಯಾರಿಗೂ ಗೊಂದಲವಾಗುತ್ತಿರಲಿಲ್ಲ. ಯಾಕೆಂದರೆ ಮನುಷ್ಯ ಎದುರಿಗೇ ಇರುತ್ತಿದ್ದ. ಮೊದಲನೆಯ ಆತು ಹೇಳುವವನ ಕಾಲು ಆಗಲೇ ನಡೆಯತೊಡಗಿರುತ್ತದೆ. ಎರಡನೆಯದನ್ನು ಹೇಳುವಾಗ ರೇವಪ್ಪ ನಿಂತುಕೊಂಡು ವಲ್ಲಿಯಿಂದ ಮುಖ ಒರೆಸಿಕೊಳ್ಳುತ್ತಿದ್ದ. ಮಾತು ಕೇಳದಿದ್ದರೂ ಪರವಾಗಿರಲಿಲ್ಲ, ವಲ್ಲಿ ನೋಡಿದರೆ ಸಾಕಿತ್ತು.

ಕಂಪನಿ ಬೆಳೆಯಿತು, ರೇವಪ್ಪನೂ ಬೆಳೆದ. ಅವನ ಕೈಕೆಳಗೆ ಒಬ್ಬ, ಆಮೇಲೆ ಹತ್ತು ಮಂದಿ, ಆಮೇಲೆ ಎಷ್ಟು ಮಂದಿ ಎಂದು ಅವನಿಗೇ ಮುಖ ಗುರುತು ಸಿಗದಷ್ಟು ಮಂದಿ. ಮುಕಾದಮ ಎಂದು ಹೆಸರಾಯಿತು. ಸಲಿಕೆ ಹಿಡಿಯುವುದು ಕಡಿಮೆಯಾಯಿತು, ಬೆರಳು ತೋರಿಸುವುದು ಹೆಚ್ಚಾಯಿತು. ಇದರಲ್ಲಿ ತಪ್ಪೇನಿಲ್ಲ. ಬೆಳೆಯುವುದು ಎಂದರೆ ಅದೇ ಅಲ್ಲವೇ, ನಾವು ಮಾಡುತ್ತಿದ್ದದ್ದನ್ನು ಬೇರೆಯವರಿಗೆ ಹೇಳುವುದು. ಆದರೆ ಒಂದು ಸಂಗತಿ ನಮ್ಮ ಯಾರ ಗಮನಕ್ಕೂ ಬರಲಿಲ್ಲ. ರೇವಪ್ಪನ ಬಾಯಲ್ಲಿದ್ದ ಆತು ಮೆಲ್ಲಗೆ ಜಾಗ ಬದಲಿಸುತ್ತಿತ್ತು. ಕೆಲಸದ ಹಿಂದೆ ನಿಂತಿದ್ದದ್ದು ಮುಂದೆ ಬಂದು ನಿಲ್ಲುತ್ತಿತ್ತು.

ಹೋದ ವರ್ಷ ಬೀಳಗಿ ತಾಲೂಕಿನಲ್ಲಿ, ಅನಗವಾಡಿಯ ಕಡೆ ಹೊಳೆಗೆ ಒಂದು ಸೇತುವೆಯ ಕೆಲಸ ಸಿಕ್ಕಿತು. ನಾವು ಅಲ್ಲಿಯವರೆಗೆ ಮಾಡಿದ್ದರಲ್ಲಿ ಎಲ್ಲಕ್ಕಿಂತ ದೊಡ್ಡದು. ದಂಡೆಯ ಮೇಲೆ ತಗಡಿನ ಶೆಡ್ಡು ಹಾಕಿ ನನ್ನ ಸ್ಟೋರನ್ನು ಅಲ್ಲಿಗೇ ತಂದರು. ಎರಡು ಕಂಬಗಳ ತಲೆಯ ಮೇಲೆ ಅಡ್ಡ ಕೂಡಿಸುವ ಕಾಂಕ್ರೀಟಿನ ಉದ್ದನೆಯ ತೊಲೆಗೆ ಮಂದಿ ಗಾಡರ್ ಎನ್ನುತ್ತಾರೆ. ಒಂದೊಂದನ್ನೂ ಕ್ರೇನಿನಿಂದ ಎತ್ತಿ ಕೂಡಿಸಬೇಕು. ಕೂಡಿಸಿದ ಗಾಡರ್ ಒಂಟಿಯಾಗಿ ನಿಂತಿರುವಾಗ ಅದಕ್ಕೆ ಎರಡೂ ಬದಿಯಿಂದ ಕಬ್ಬಿಣದ ಆಸರೆ ಕೊಟ್ಟು ಬೋಲ್ಟು ಬಿಗಿಯಬೇಕು. ಇಲ್ಲದಿದ್ದರೆ ಅದು ಗೋಡೆಗೆ ಒರಗಿಸಿಟ್ಟ ಹಲಗೆ ಇದ್ದಂತೆ, ಗಾಳಿಗೂ ಹೊರಳಬಹುದು. ಆಸರೆ ಬಿಗಿಯಾದ ಮೇಲೆಯೇ ಕ್ರೇನು ಹಗ್ಗ ಸಡಿಲ ಬಿಡಬೇಕು.

ಕ್ರೇನಿಗೆ ಕೈ ತೋರಿಸುವ ಜವಾಬ್ದಾರಿ ಇಂಜಿನಿಯರ್ ನೇತ್ರಾಳದು. ಕಂಪನಿಗೆ ಸೇರಿ ಇನ್ನೂ ವರ್ಷ ತುಂಬಿರಲಿಲ್ಲ, ನೌಕರಿ ಕಾಯಂ ಆಗಿರಲಿಲ್ಲ. ಮೈಸೂರು ಕಡೆಯವಳಾಗಿದ್ದರೆ ಆಮೇಲೆ ನಡೆದದ್ದನ್ನೆಲ್ಲ ಅವಳ ಕನ್ನಡದ ತಲೆಗೆ ಕಟ್ಟಿ ಕೈತೊಳೆದುಕೊಳ್ಳುತ್ತಿದ್ದೆವು. ಆದರೆ ಹುಡುಗಿ ಬನಹಟ್ಟಿಯವಳು, ನೇಕಾರರ ಮನೆಯವಳು. ಅವಳ ಮನೆಯಲ್ಲಿಯೂ ಊಟ ಆತು, ನೀರು ಬಂದಾತು. ರೇವಪ್ಪನನ್ನು ‘ಕಾಕಾ’ ಎನ್ನುತ್ತಿದ್ದಳು. ಅವನು ಅವಳನ್ನು ಮರ್ಯಾದೆಯಿಂದ ‘ಬಾಯಾರ’ ಎನ್ನುತ್ತಿದ್ದ.

ಆ ದಿನ ಬೆಳಗಿನ ಚಹಾ ಆದ ಮೇಲೆ ಗಾಳಿ ಎದ್ದಿತ್ತು. ರೇವಪ್ಪ ಕಂಬದ ತಲೆಯ ಮೇಲಿದ್ದ. ನೇತ್ರಾ ಕೆಳಗೆ ಕ್ರೇನಿನ ಹತ್ತಿರ. ನಡುವೆ ವಾಕಿಟಾಕಿ. ಮೊದಲನೆಯ ಗಾಡರ್ ತನ್ನ ಜಾಗದಲ್ಲಿ ಕುಳಿತಿತ್ತು. ನಾನು ಶೆಡ್ಡಿನ ಬಾಗಿಲಲ್ಲಿ ನಿಂತು ನೋಡುತ್ತಿದ್ದೆ.

‘ಕಾಕಾ, ಆಸರಾ?’ ಎಂದಳು ನೇತ್ರಾ.

‘ಆತ್ರಿ ಬಾಯಾರ.’

ಅವಳು ಕ್ರೇನಿನ ಕಡೆ ತಿರುಗಿ ಕೈ ಇಳಿಸಿದಳು. ಹಗ್ಗ ಸಡಿಲಾಯಿತು. ಗಾಡರ್ ಒಂದು ಗಳಿಗೆ ಸುಮ್ಮನೆ ನಿಂತು, ನಿದ್ದೆ ಬಂದ ಎಮ್ಮೆಯ ಹಾಗೆ ನಿಧಾನವಾಗಿ ಹೊಳೆಯ ಕಡೆ ವಾಲಿತು. ಈಚಿನ ಬದಿಯ ಆಸರೆ ಬಿಗಿದಿತ್ತು. ಆಚಿನ ಬದಿಯದಕ್ಕೆ ಯಲ್ಲಾಲಿಂಗ ಎಂಬ ಹುಡುಗ ಪಾನಾ ಹಿಡಿದು ಆಗಷ್ಟೇ ಹೊರಟಿದ್ದ. ಬಿಗಿಯಲು ಅವನಿಗೆ ಹೇಳಿದ್ದಷ್ಟಕ್ಕೇ ರೇವಪ್ಪ ನೇತ್ರಾಳಿಗೆ ಆತು ಎಂದಿದ್ದ.

ಗಾಡರ್ ನೀರಿಗೆ ಬಿದ್ದ ಸಪ್ಪಳ ಊರಿಗೆಲ್ಲ ಕೇಳಿತು. ಯಲ್ಲಾಲಿಂಗ ಜಾರಿ, ಸೊಂಟದ ಬೆಲ್ಟಿನಿಂದ ಕಂಬಕ್ಕೆ ಜೋತುಬಿದ್ದ. ಮುಂಗೈ ಮುರಿಯಿತು, ಜೀವ ಉಳಿಯಿತು. ಅವನನ್ನು ಮೇಲಕ್ಕೆ ಎಳೆದುಕೊಂಡವನು ರೇವಪ್ಪನೇ. ಎಳೆದು, ಮಗುವಿನಂತೆ ತೊಡೆಯ ಮೇಲೆ ಹಾಕಿಕೊಂಡು, ಅವನ ಹೆಸರನ್ನೇ ಕರೆಯುತ್ತ ಕುಳಿತುಬಿಟ್ಟ. ಕೆಳಗೆ ನೇತ್ರಾ ಇಳಿಸಿದ ಕೈಯನ್ನು ಹಾಗೇ ಹಿಡಿದುಕೊಂಡು ನಿಂತಿದ್ದಳು. ನಾನು ಹೋಗಿ ಆ ಕೈಗೆ ನೀರಿನ ತಂಬಿಗೆ ಕೊಟ್ಟೆ. ಅವಳಿಗೆ ಹಿಡಿಯಲು ಬರಲಿಲ್ಲ. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎನ್ನುತ್ತಾರೆ. ಆ ದಿನ ಎರಡೂ ಒಟ್ಟಿಗೇ ಹೋದವು.

ಕೆಲಸ ಕೊಟ್ಟವರ ಕಡೆಯಿಂದ ವಿಚಾರಣೆಗೆ ಬರುತ್ತಾರೆ ಎಂದು ತಿಳಿಯಿತು. ತಪ್ಪು ಯಾರದು ಎಂದು ಹೇಳಬೇಕು. ಹಿಂದಿನ ದಿನ ಧಣಿಯ ಮಗ ಗೌರೀಶ ನನ್ನ ಶೆಡ್ಡಿಗೇ ಬಂದು ರೇವಪ್ಪನನ್ನು ಕರೆಸಿದ. ಗೌರೀಶ ಓದಿದವನು, ಆಫೀಸಿನ ಕಾರಭಾರ ಈಗ ಅವನದೇ. ಎದುರಿಗೆ ನಾವೆಲ್ಲ ಸಾಹೇಬರು ಎನ್ನುತ್ತೇವೆ. ಚಿಕ್ಕವನಿದ್ದಾಗ ರೇವಪ್ಪನ ಹೆಗಲ ಮೇಲೆ ಕುಳಿತು ಅವನ ತಲೆಯ ಪಟಕಾ ಬಿಚ್ಚಿ ಆಡುತ್ತಿದ್ದ.

‘ಕಾಕಾ, ನೀ ಆತು ಅಂದಿದ್ದು ಯಾವ ಅರ್ಥದಾಗ?’ ಎಂದ ಗೌರೀಶ.

‘ಮಾಡಸ್ತೇನಿ ಅನ್ನೂ ಅರ್ಥದಾಗರಿ.’

‘ಹಂಗಾದ್ರ ಮುಗೀತು. ಅದನ್ನ ಹೇಳು. ನೀ ಮಾಡಸ್ತೇನಿ ಅಂದಿ, ಆಕಿ ಮಾಡೇನಿ ಅಂತ ತಿಳಕೊಂಡಳು. ತಪ್ಪು ಆಕಿದು. ಇಂಜಿನಿಯರ್ ಇನ್ನೊಬ್ಬರು ಸಿಗತಾರ. ನೀ ಇನ್ನೊಬ್ಬ ಸಿಗಂಗಿಲ್ಲ ನಮಗ.’

ರೇವಪ್ಪ ತಲೆ ಅಲ್ಲಾಡಿಸಿದನೋ ಇಲ್ಲವೋ ನನಗೆ ತಿಳಿಯಲಿಲ್ಲ. ಗೌರೀಶನಂತೂ ಸಮಾಧಾನದಿಂದ ಹೋದ. ನನಗೆ ಒಳಗೊಳಗೇ ಸಿಟ್ಟು ಬಂತು. ಆದರೆ ಸಿಟ್ಟಿಗೆ ಕಾರಣವೂ ಸರಿಯಾಗಿ ಸಿಗಲಿಲ್ಲ. ಗೌರೀಶ ಹೇಳಿಕೊಟ್ಟದ್ದು ಸುಳ್ಳಲ್ಲ. ರೇವಪ್ಪ ನಿಜವನ್ನೇ ಹೇಳಿದರೆ ಸಾಕು, ಉಳಿಯುತ್ತಾನೆ, ಬನಹಟ್ಟಿಯ ಹುಡುಗಿ ಮನೆಗೆ ಹೋಗುತ್ತಾಳೆ. ನಿಜ ಹೇಳುವವನನ್ನು ಬೈಯುವುದು ಹೇಗೆ?

ಮರುದಿನ ಮುಧೋಳದ ಆಫೀಸಿನಲ್ಲಿ ಎಲ್ಲರೂ ಕುಳಿತರು. ಬಂದವರು ಮೂವರು. ಚನಮಲ್ಲಪ್ಪನವರು ಮೂಲೆಯ ಕುರ್ಚಿಯಲ್ಲಿ ಕೋಲಿನ ಮೇಲೆ ಗದ್ದ ಊರಿಕೊಂಡಿದ್ದರು. ಸ್ಟೋರಿನ ಲೆಕ್ಕ ಹೇಳಲು ನನ್ನನ್ನೂ ಕರೆದಿದ್ದರು. ನೇತ್ರಾಳನ್ನು ಕೇಳಿದಾಗ ಅವಳು ಸುತ್ತಿಬಳಸಲಿಲ್ಲ. ‘ಆಸರಾ ಅಂತ ಕೇಳಿದೆ. ಆತು ಅಂದ್ರು. ಬಿಗಿದಾರ ಅಂತ ತಿಳಕೊಂಡು ಕೈ ಇಳಿಸಿದೆ’ ಎಂದಳು.

ರೇವಪ್ಪನನ್ನು ಕೇಳಿದರು. ಅವನು ಎದ್ದು ನಿಂತ.

‘ಮಾಡಸ್ತೇನಿ ಅಂತ ಅಂದಿದ್ದರಿ ನಾ’ ಎಂದ. ಗೌರೀಶ ಉಸಿರು ಬಿಟ್ಟದ್ದು ನನಗೆ ಕೇಳಿಸಿತು. ಆದರೆ ರೇವಪ್ಪ ಕುಳಿತುಕೊಳ್ಳಲಿಲ್ಲ.

‘ಸಾಹೇಬ್ರ, ಆತು ಅನ್ನೂದು ಎರಡು ಇರತಾವ. ಒಂದು ಕೆಲಸದ ಮೊದಲನೇದ್ದು, ಒಂದು ಕೆಲಸ ಮುಗದ ಮ್ಯಾಲಿಂದು. ಮೊದಲನೇದ್ದು ಧಣೇರದು. ನಂದು ಎಂದಿದ್ರೂ ಎರಡನೇದ್ದು. ನಾ ಆತು ಅಂದೆ ಅಂದ್ರ ಮಂದಿ ಕಣ್ಣು ಮುಚ್ಚಿ ಮ್ಯಾಲ ಕಾಲಿಡತಿದ್ರು. ಈ ಬಾಯಾರು ಬಂದಾಗಿಂದ ನನ್ನ ಬಾಯಾಗ ಅದನ್ನ ಕೇಳ್ಯಾರ. ಅವರು ಕೇಳಿದ್ದು ಖರೆ ಐತಿ. ನಾ ಅಂದಿದ್ದು ಬದಲಾಗೇತಿ. ಯಾವಾಗ ಬದಲಾತು, ನನಗೂ ಗೊತ್ತಿಲ್ಲರಿ.’

ಬಂದಿದ್ದವರಲ್ಲಿ ಒಬ್ಬರು ಕನ್ನಡ ಬಾರದವರು. ಪಕ್ಕದವರನ್ನು ಏನು ಹೇಳಿದ ಎಂದು ಕೇಳಿದರು. ಪಕ್ಕದವರು ಬಹಳ ಹೊತ್ತು ಯೋಚಿಸಿ, ತಪ್ಪು ಒಪ್ಪಿಕೊಂಡಿದ್ದಾನೆ ಎಂದು ಹೇಳಿದರು. ಅಷ್ಟೇನಾ ಅವನು ಹೇಳಿದ್ದು? ನನಗೆ ಎದ್ದು ಕೂಗಬೇಕೆನಿಸಿತು. ಕೂಗಲಿಲ್ಲ.

ಅವರು ಹೋಗುವಾಗ ಒಂದು ಮಾತು ಹೇಳಿ ಹೋದರು: ಹುಡುಗಿ ಇರಲಿ, ಈ ಮನುಷ್ಯ ಮಾತ್ರ ಇನ್ನು ಜವಾಬ್ದಾರಿಯ ಜಾಗದಲ್ಲಿ ನಿಲ್ಲುವುದು ಬೇಡ, ಇಟ್ಟುಕೊಳ್ಳುವುದಾದರೆ ನಿಮ್ಮ ಹೊಣೆ ಎಂದು.

ಗೌರೀಶ ಕೆಟ್ಟವನಲ್ಲ. ಅವನ ಕಣ್ಣು ಕೆಂಪಾಗಿತ್ತು. ‘ಅಪ್ಪಾ, ಕಾಕಾಗ ವಯಸ್ಸೂ ಆತು. ದೊಡ್ಡ ಕಾರ್ಯಕ್ರಮ ಮಾಡೂಣು. ಶಾಲು ಹೊಚ್ಚಿಸಿ, ಹಾರ ಹಾಕಿ, ಮರ್ಯಾದಿಲೆ ಮನಿಗೆ ಕಳಸೂಣು’ ಎಂದ. ಬಂದವರು ಹೋದೊಡನೆ ಪೇಟೆಗೆ ಆಳು ಕಳಿಸಿ ಶಾಲನ್ನೂ ತರಿಸಿದ್ದ.

ರೇವಪ್ಪ ನಕ್ಕ. ‘ಶಾಲು ಹೊಚ್ಚಕೊಂಡು ಕುಂದರಾಕ ನನಗೇನು ಚಳಿ ಬಂದೈತೇನ್ರಿ?’ ಎಂದ. ನಗು ಅರ್ಧಕ್ಕೇ ನಿಂತಿತು. ‘ಮನ್ಯಾಗ ಕುಂತು ಏನ ಮಾಡಲಿ? ಈ ಕೈಲೆ ಕೂಡಿಸಿದ್ದನ್ನ ಬಿಟ್ಟು ನನಗ ಬ್ಯಾರೆ ಏನೂ ಗೊತ್ತಿಲ್ಲ.’

ಚನಮಲ್ಲಪ್ಪ ಕೋಲಿನಿಂದ ಗದ್ದ ಎತ್ತಿದರು. ‘ಲೇ ರೇವ್ಯಾ, ಆ ಮಾತು ನಿನಗ ಕಲಿಸಿದಾಂವ ನಾನ. ಮಹಾಲಿಂಗಪುರದಾಗ ಮಿಕ್ಸರ್ ಇಲ್ಲದ ಆತು ಅಂದಾಂವ ನಾನ. ನನ್ನ ಸುಳ್ಳನ್ನ ಇಷ್ಟು ದಿನ ನೀ ಖರೆ ಮಾಡಿದಿ. ಈಗ ನಿನ್ನ ಸುಳ್ಳು ಖರೆ ಮಾಡಾಕ ಕೆಳಗ ಯಾರೂ ಉಳದಿಲ್ಲ’ ಎಂದರು. ಆಮೇಲೆ ತೀರ್ಮಾನ ಹೇಳಿದರು. ‘ಸೇತುವಿ ಮುಗಿಯೂತನಾ ಕೆಳಗ ಇರು. ಮ್ಯಾಲ ಏರಬ್ಯಾಡ. ಆ ಮಾತು ಬಿಟ್ಟಿ ಅಂದ್ರ ಉಳಿ. ಬಿಡಲಿಲ್ಲಂದ್ರ ಕಡೇ ಗಾಡರ್ ಕೂತ ದಿವಸ ನಾನ ನಿನಗ ಶಾಲು ಹೊಚ್ಚತೇನಿ. ಬಂಡೂ, ಆ ಶಾಲು ನಿನ್ನ ಸ್ಟೋರಿನ್ಯಾಗ ಇರಲಿ.’

ಹಾಗೆ ಶಾಲು ನನ್ನ ಶೆಡ್ಡಿಗೆ ಬಂತು. ಬೋಲ್ಟಿನ ಪೆಟ್ಟಿಗೆಗಳ ಮೇಲೆ, ಇಲಿ ತಾಗದ ಹಾಗೆ ಪ್ಲಾಸ್ಟಿಕ್ ಚೀಲದಲ್ಲಿ ಇಟ್ಟೆ. ರೇವಪ್ಪ ದಿನಾ ಬೆಳಿಗ್ಗೆ ಬಂದು ಅದನ್ನು ಒಮ್ಮೆ ನೋಡಿ ಹೊರಗೆ ಹೋಗುತ್ತಿದ್ದ.

ಒಂದು ಮಾತು ಬಿಡುವುದು ತಂಬಾಕು ಬಿಟ್ಟಷ್ಟು ಸುಲಭ ಎಂದುಕೊಂಡಿದ್ದೆ. ತಂಬಾಕಾದರೆ ಅಂಗಡಿಗೆ ಹೋಗದಿದ್ದರಾಯಿತು. ಈ ಮಾತು ಬಾಯಲ್ಲೇ ಮನೆ ಮಾಡಿದೆ. ‘ಚಹಾ ಆತೇನು ಮುಕಾದಮರ?’ ಎಂದು ಯಾರಾದರೂ ಕೇಳಿದರೆ ರೇವಪ್ಪ ಬಾಯಿ ತೆರೆದು, ಮುಚ್ಚಿ, ಖಾಲಿ ಕಪ್ಪು ಎತ್ತಿ ತೋರಿಸುತ್ತಿದ್ದ. ಹುಡುಗರು ಬೇಕೆಂದೇ ಕೆಣಕುತ್ತಿದ್ದರು. ನಾನು ಒಬ್ಬಿಬ್ಬರಿಗೆ ಹೆಲ್ಮೆಟ್ಟಿನ ಮೇಲೆ ಕೊಟ್ಟೆ.

ಮನೆಯ ಪಾಡು ಇನ್ನೂ ಕಷ್ಟ. ಅವನ ಹೆಂಡತಿ ಶಿವವ್ವ ಒಮ್ಮೆ ಜೋಳದ ರೊಟ್ಟಿಯ ಗಂಟು ಹಿಡಿದುಕೊಂಡು ಶೆಡ್ಡಿಗೇ ಬಂದಳು. ‘ಅಣ್ಣಾರ, ನಿಮ್ಮ ಗೆಳ್ಯಾಗ ಏನಾಗೇತಿ? ಊಟ ಆತೇನ್ರಿ ಅಂದ್ರ ಮಾತಿಲ್ಲ. ನೀರು ಕಾಯಿಸೂದು ಆತೇನು ಅಂತ ಕೇಳಾಕ ಬಂದು, ಅರ್ಧಕ್ಕ ನಿಂದರತಾರ. ಮನ್ಯಾಗ ಮೂಕ ಬಸವಣ್ಣನ ಕಟ್ಟಿದಂಗ ಆಗೇತಿ’ ಎಂದು ಕಣ್ಣಿಗೆ ಸೆರಗು ಹಚ್ಚಿದಳು. ನಾನು ನಕ್ಕೆ. ಅವಳು ಅಳುತ್ತಿದ್ದಾಳೆ ಎಂದು ತಿಳಿದ ಮೇಲೆ ನಗು ನಿಲ್ಲಿಸಿದೆ. ಆ ಮನುಷ್ಯ ಹೆಂಡತಿಯ ಎದುರೂ ಆ ಮಾತನ್ನು ನುಂಗಿ ಕುಳಿತಿದ್ದ.

ಇತ್ತ ಗೌರೀಶ ಒಂದು ಹೊಸ ಕಾಯಿದೆ ಮಾಡಿ ತಗಡಿನ ಮೇಲೆ ಬರೆಸಿ ತೂಗುಹಾಕಿಸಿದ. ವಾಕಿಟಾಕಿಯಲ್ಲಿ ಯಾರೂ ಆತು ಎನ್ನಬಾರದು. ಮಾಡುವುದಿದ್ದರೆ ‘ಮಾಡತೇನಿ’ ಎನ್ನಬೇಕು, ಮಾಡಿ ಮುಗಿಸಿದ್ದರೆ ‘ಮಾಡೇನಿ’ ಎನ್ನಬೇಕು. ಓದಲು ಬಹಳ ಚೆಂದವಿತ್ತು. ಹೊಳೆಯ ಗಾಳಿಯಲ್ಲಿ, ವಾಕಿಟಾಕಿಯ ಗರಗರದಲ್ಲಿ, ಆ ನಡುವಿನ ‘ತ’ ಎಲ್ಲಿ ಹಾರಿ ಹೋಗುತ್ತದೆ ಎಂದು ದೇವರಿಗೇ ಗೊತ್ತು. ಮೊದಲ ದಿನವೇ ‘ಮಾಡತೇನಿ’ ಎಂದದ್ದು ‘ಮಾಡೇನಿ’ ಎಂದು ಕೇಳಿಸಿ, ಕಬ್ಬಿಣ ಇನ್ನೂ ಕಟ್ಟದ ಕಡೆ ಕಾಂಕ್ರೀಟಿನ ಗಾಡಿ ಬಂದು ನಿಂತಿತು.

ಆ ತೊಡಕನ್ನು ಬಿಡಿಸಿದವಳು ನೇತ್ರಾ. ಒಂದು ಮಧ್ಯಾಹ್ನ ಶೆಡ್ಡಿನ ನೆರಳಲ್ಲಿ ರೇವಪ್ಪ, ನಾನು, ಅವಳು ಬುತ್ತಿ ಬಿಚ್ಚಿದ್ದೆವು. ಅವಳು ಹೇಳಿದಳು, ‘ಕಾಕಾ, ನಮ್ಮ ಮನ್ಯಾಗ ಮಗ್ಗದ ಸಪ್ಪಳಕ್ಕ ಒಬ್ಬರ ಮಾತು ಒಬ್ಬರಿಗೆ ಕೇಳಂಗಿಲ್ಲ. ಎಳಿ ಕಟ್ಟೀಯೇನು ಅಂತ ನಮ್ಮವ್ವ ಎಂದೂ ಕೇಳಾಕಿ ಅಲ್ಲ. ಬರತಾಳ, ಎಳಿ ಮ್ಯಾಲ ಬೆರಳು ಆಡಸತಾಳ, ಮಗ್ಗ ಚಾಲೂ ಮಾಡತಾಳ. ನಮ್ಮಪ್ಪ ಕಟ್ಟಿದ್ದಿದ್ರೂ ಹಂಗ. ಅದಕ್ಕ ನಮ್ಮಪ್ಪ ಸಿಟ್ಟಾಗಿದ್ದು ನಾ ನೋಡಿಲ್ಲ.’

ರೇವಪ್ಪ ಜಗಿಯುವುದನ್ನು ನಿಲ್ಲಿಸಿದ.

‘ಮಾಡಿದವರು ಏನೂ ಹೇಳೂದು ಬ್ಯಾಡ’ ಎಂದಳು ನೇತ್ರಾ. ‘ಇನ್ನೊಬ್ಬರು ಹೋಗಿ, ಕೈ ಹಚ್ಚಿ ನೋಡಿ, ನೋಡೇನಿ ಅನ್ನಲಿ. ಅಂದ ಮ್ಯಾಲ ಕ್ರೇನ್ ಬಿಡೂಣು. ಆ ದಿವಸ ನಾ ಏರಿ ನೋಡಬೇಕಾಗಿತ್ತು ಕಾಕಾ. ಕೆಳಗ ನಿಂತು ಕೇಳಿದೆ.’

ಎಂಥ ಸಾದಾ ಮಾತು. ಒಬ್ಬ ಮಾಡಬೇಕು, ಇನ್ನೊಬ್ಬ ನೋಡಬೇಕು. ಕಂಪನಿ ಸಣ್ಣದಿದ್ದಾಗ ಇದನ್ನು ಹೇಳಬೇಕಾಗಿಯೇ ಇರಲಿಲ್ಲ. ಎಲ್ಲರೂ ಎಲ್ಲರಿಗೂ ಕಾಣುತ್ತಿದ್ದೆವು. ದೊಡ್ಡದಾದಂತೆ ಕಾಣುವುದು ಕಡಿಮೆಯಾಗಿ ಕೇಳುವುದು ಹೆಚ್ಚಾಯಿತು. ಕ್ರೇನುಗಳನ್ನೆಲ್ಲ ಕೊಂಡೆವು, ಹೋಗಿ ನೋಡುವ ಒಂದು ಜೊತೆ ಕಣ್ಣನ್ನು ಎಲ್ಲೋ ಬಿಟ್ಟು ಬಂದಿದ್ದೆವು ಎಂದು ನನಗೆ ಆಗ ಅನ್ನಿಸಿತು.

ಗೌರೀಶನ ತಗಡು ಇಳಿಯಿತು. ಮುಂದಿನ ಗಾಡರುಗಳೆಲ್ಲ ‘ನೋಡೇನಿ’ ಎಂಬ ಮಾತಿನ ಮೇಲೆ ಕುಳಿತವು. ನೇತ್ರಾ ಪ್ರತಿ ಸ‌ಲವೂ ಕಂಬ ಏರಿ, ಬೋಲ್ಟುಗಳಿಗೆ ಕೈ ಹಚ್ಚಿ ನೋಡಿ ಇಳಿಯುತ್ತಿದ್ದಳು. ರೇವಪ್ಪ ಕೆಳಗೆ ನಿಂತು ಕುತ್ತಿಗೆ ಎತ್ತಿ ನೋಡುತ್ತಿದ್ದ. ಯಲ್ಲಾಲಿಂಗನ ಕೈ ಕೂಡಿತು, ಅವನೂ ಕೆಲಸಕ್ಕೆ ಬಂದ. ಬಂದ ದಿನ ರೇವಪ್ಪ ಆ ಕೈಯನ್ನು ತನ್ನ ಎರಡೂ ಕೈಯಲ್ಲಿ ಹಿಡಿದು ತಿರುಗಿಸಿ ತಿರುಗಿಸಿ ನೋಡಿದ. ‘ನೆಟ್ಟಗ ಐತಿ ಬಿಡ ಕಾಕಾ’ ಎಂದು ಯಲ್ಲಾಲಿಂಗನೇ ಸಮಾಧಾನ ಹೇಳಬೇಕಾಯಿತು.

ಕಡೆಯ ಗಾಡರ್ ಕೂಡಿಸುವ ದಿನ ಬಂತು. ಚನಮಲ್ಲಪ್ಪನವರು ಜೀಪಿನಲ್ಲಿ ಬಂದು ಶೆಡ್ಡಿನ ಮುಂದೆ ಕುರ್ಚಿ ಹಾಕಿಸಿಕೊಂಡರು. ನನ್ನನ್ನು ನೋಡಿ, ‘ಅದನ್ನ ತಗೊಂಡು ಬಾ’ ಎಂದರು. ಯಾವುದನ್ನು ಎಂದು ಕೇಳಬೇಕಾಗಿರಲಿಲ್ಲ. ಚೀಲದಿಂದ ಶಾಲು ತೆಗೆದು ತೋಳಿನ ಮೇಲೆ ಹಾಕಿಕೊಂಡು ಅವರ ಪಕ್ಕ ನಿಂತೆ. ನನ್ನ ಜೀವನದಲ್ಲಿ ಅಷ್ಟು ಭಾರದ ಸಾಮಾನನ್ನು ಸ್ಟೋರಿನಿಂದ ಹೊರಗೆ ತಂದಿರಲಿಲ್ಲ.

ಗಾಡರ್ ಏರಿತು, ಕುಳಿತಿತು. ಆಗ ನೇತ್ರಾ ಧಣಿಯ ಮುಂದೆ ಬಂದು ನಿಂತಳು. ‘ಇವತ್ತು ಯಲ್ಲಾಲಿಂಗನ ಗ್ಯಾಂಗಿನ ಜೊತಿ ಆಸರಾ ನಾನ ಕಟ್ಟಸ್ತೇನ್ರಿ’ ಎಂದಳು. ‘ನಾ ಮಾಡಿದ್ದನ್ನ ನಾನ ನೋಡೇನಿ ಅನ್ನಾಕ ಬರಂಗಿಲ್ಲ. ಕಾಕಾ ನೋಡಲಿ.’

ಗೌರೀಶ ಏನೋ ಹೇಳಲು ಬಾಯಿ ತೆರೆದ. ಚನಮಲ್ಲಪ್ಪ ಕೋಲು ಎತ್ತಿದರು, ಮಗ ಸುಮ್ಮನಾದ. ‘ಏರಲೇ ರೇವ್ಯಾ’ ಎಂದರು.

ನೇತ್ರಾ ಗ್ಯಾಂಗಿನ ಜೊತೆ ಮೇಲೆ ಏರಿ, ಬಿಗಿಸಿ ಮುಗಿಸಿ, ಪಕ್ಕಕ್ಕೆ ಸರಿದಳು. ರೇವಪ್ಪ ಏರಿದ. ಏಣಿಯ ನಡುವೆ ಒಮ್ಮೆ ನಿಂತ. ಮೇಲೆ ಹೋದವನು ಈಚಿನ ಬದಿಯ ಬೋಲ್ಟುಗಳನ್ನು ಒಂದೊಂದಾಗಿ ಮುಟ್ಟಿದ, ಆಚಿನ ಬದಿಗೆ ಹೋಗಿ ಮುಟ್ಟಿದ, ಮತ್ತೆ ಈಚೆಗೆ ಬಂದ. ಹಗ್ಗ ಬಿಗಿ ಹಿಡಿದು ಕುಳಿತ ಕ್ರೇನಿನವನು ಗೊಣಗಿದ. ಯಾರೂ ಅವನ ಕಡೆ ನೋಡಲಿಲ್ಲ. ಧಣಿಯ ಕೈಯಲ್ಲಿ ಒಂದು ವಾಕಿಟಾಕಿ ಇತ್ತು, ಅದು ಗರಗರ ಎನ್ನುತ್ತಿತ್ತು. ಆ ಮಾತು ಅವನ ಬಾಯಿಗೆ ಬಂದುಬಿಟ್ಟರೆ ಎಂದು ನಾನು ತೋಳಿನ ಮೇಲಿನ ಶಾಲನ್ನು ಬಿಗಿಯಾಗಿ ಹಿಡಿದುಕೊಂಡೆ. ಹುಟ್ಟುಗುಣ ಸುಟ್ಟರೂ ಹೋಗುವುದಿಲ್ಲ ಎನ್ನುತ್ತಾರಲ್ಲ.

‘ಕಾಕಾ?’ ಎಂದಳು ನೇತ್ರಾ, ಆಚಿನ ಕಂಬದ ತಲೆಯಿಂದ ವಾಕಿಟಾಕಿಯಲ್ಲಿ.

ಗರಗರ. ಆಮೇಲೆ ರೇವಪ್ಪನ ದನಿ. ‘ನೋಡೇನಿ.’

ಕ್ರೇನು ಹಗ್ಗ ಬಿಟ್ಟಿತು. ಗಾಡರ್ ಅಲುಗಲಿಲ್ಲ. ಹೊಳೆಯ ಈ ದಂಡೆಯಿಂದ ಆ ದಂಡೆಯವರೆಗೆ ಒಂದೇ ಗೆರೆ. ಯಾರೋ ಸಿಳ್ಳೆ ಹಾಕಿದರು. ಕಂಬದ ತಲೆಯ ಮೇಲೆ ರೇವಪ್ಪ ಸುಮ್ಮನೆ ನಿಂತಿದ್ದ. ಮೆಲ್ಲಗೆ ಹೆಗಲಿನಿಂದ ವಲ್ಲಿ ತೆಗೆದು ಮುಖ ಒರೆಸಿಕೊಂಡ. ವಾಕಿಟಾಕಿಯ ಗುಂಡಿಯನ್ನು ಬಿಟ್ಟಿದ್ದೇನೆ ಎಂದುಕೊಂಡಿದ್ದನೋ ಏನೋ. ಬಿಟ್ಟಿರಲಿಲ್ಲ. ಅವನು ತನಗೆ ತಾನೇ ಆಡಿಕೊಂಡದ್ದು ಇಡೀ ಸೈಟಿಗೆ ಕೇಳಿತು.

‘ಆತು.’

ಸಿಳ್ಳೆ ನಿಂತಿತು. ಗೌರೀಶ ಅಪ್ಪನ ಮುಖ ನೋಡಿದ. ನಾನು ನೆಲ ನೋಡಿದೆ. ಧಣಿ ವಾಕಿಟಾಕಿಯನ್ನು ಬಾಯಿಯ ಹತ್ತಿರ ತಂದರು. ಅವರಿಗಿಂತ ಮೊದಲು ನೇತ್ರಾಳ ದನಿ ಬಂತು.

‘ಯಾವ ಆತು, ಕಾಕಾ?’

ರೇವಪ್ಪ ವಲ್ಲಿಯನ್ನು ಮತ್ತೆ ಹೆಗಲಿಗೇರಿಸಿದ.

‘ಎರಡನೇದ್ದರಿ, ಬಾಯಾರ.’

ಚನಮಲ್ಲಪ್ಪನವರ ಭುಜ ಅಲುಗಿತು. ನಕ್ಕರೋ ಅತ್ತರೋ, ಧೋತರದ ಚುಂಗಿನಿಂದ ಕಣ್ಣು ಒರೆಸಿಕೊಂಡು, ನನ್ನ ತೋಳಿನ ಮೇಲಿದ್ದ ಶಾಲಿನ ಕಡೆ ಕೋಲು ತೋರಿಸಿದರು. ‘ಬಂಡೂ, ಅದನ್ನ ಒಳಗ ಇಡು.’

‘ಆ...’ ಎಂದೆ. ಅವರು ನನ್ನನ್ನೇ ನೋಡಿದರು. ಉಳಿದರ್ಧ ಮಾತನ್ನು ನುಂಗಿ, ಶೆಡ್ಡಿಗೆ ಹೋಗಿ, ಶಾಲನ್ನು ಮಡಚಿ, ಎಲ್ಲಕ್ಕಿಂತ ಮೇಲಿನ ಅರೆಯಲ್ಲಿ ಹಿಂದಕ್ಕೆ ತಳ್ಳಿ ಇಟ್ಟೆ. ವಾಪಸು ಬಂದು ಅವರ ಎದುರು ನಿಂತೆ.

‘ಆತ್ರಿ’ ಎಂದೆ.